ಬೇಡವಾದ ಗೇಮ್‌ಗಳನ್ನು ತೆಗೆದು ಜಾಗ ಮಾಡಿಕೊಳ್ಳುವುದು: ಪದೇ ಪದೇ ಕೇಳುವ ಪ್ರಶ್ನೆಗಳು

ಡಿಸ್ಕ್ ತುಂಬಿದೆ ಎಂಬ ಎಚ್ಚರಿಕೆ ಕಂಡೊಡನೆ ಹೆಚ್ಚಿನವರು ಕೈಹಾಕುವುದು ಫೋಟೋಗಳಿಗೆ. ನೂರು ಫೋಟೋ ಅಳಿಸಿದರೂ ಸಿಗುವುದು ಅರ್ಧ ಜಿಬಿ ಆಸುಪಾಸು. ತಿಂಗಳುಗಟ್ಟಲೆ ತೆರೆಯದ ಒಂದೇ ಒಂದು ದೊಡ್ಡ ಗೇಮ್ ತೆಗೆದರೆ ನೂರು ಜಿಬಿ ಖಾಲಿಯಾಗಬಹುದು. ಫೋಟೋ ಹೋದರೆ ಹೋಯಿತು, ಗೇಮ್ ಆದರೆ ಮತ್ತೆ ಇಳಿಸಿಕೊಳ್ಳಬಹುದು. ಹಾಗಾಗಿ ಜಾಗ ಬೇಕಾದಾಗ ಮೊದಲು ಗೇಮ್‌ಗಳ ಪಟ್ಟಿ ತೆರೆಯಿರಿ. ಗೇಮ್‌ನಲ್ಲಿ ಕಾಪಾಡಿಕೊಳ್ಳಬೇಕಾದದ್ದು ಒಂದೇ: ನೀವು ಆಡಿ ತಲುಪಿದ ಹಂತ, ಅಂದರೆ ಸೇವ್ ಫೈಲ್. ಕೆಳಗಿನ ಉತ್ತರಗಳಲ್ಲಿ ಅದರ ಮಾತು ಬೇಕೆಂದೇ ಮತ್ತೆ ಮತ್ತೆ ಬರುತ್ತದೆ.

ಯಾವ ಗೇಮ್ ಮೊದಲು ತೆಗೆಯಬೇಕು?

ಗಾತ್ರದ ಪ್ರಕಾರ ಜೋಡಿಸಿ, ಮೇಲಿನ ನಾಲ್ಕೈದು ಹೆಸರು ನೋಡಿ. ಕತೆ ಮುಗಿಸಿದ ಗೇಮ್ ಮೊದಲು ಹೋಗಲಿ. ಜೊತೆಗೆ ಆಡುತ್ತಿದ್ದ ಗೆಳೆಯರೆಲ್ಲ ಬಿಟ್ಟುಹೋದ ಆನ್‌ಲೈನ್ ಗೇಮ್ ಆಮೇಲೆ. ಮೂರನೆಯ ಗುಂಪು ತೆಗೆಯಲು ಮನಸ್ಸು ಬಾರದಂಥದ್ದು: ಎಂದೋ ಒಂದು ದಿನ ಆಡುತ್ತೇನೆ ಎಂದು ಇನ್‌ಸ್ಟಾಲ್ ಮಾಡಿಟ್ಟವು. ಅವುಗಳಲ್ಲಿ ಸೇವ್ ಫೈಲ್ ಕೂಡ ಇರುವುದಿಲ್ಲವಾದ್ದರಿಂದ ತೆಗೆಯುವುದು ಎಲ್ಲಕ್ಕಿಂತ ಸುರಕ್ಷಿತ. ಆ ದಿನ ಬಂದಾಗ ಇಳಿಸಿಕೊಂಡರಾಯಿತು.

ಸಣ್ಣ ಗೇಮ್‌ಗಳ ತಂಟೆಗೆ ಹೋಗಬೇಡಿ. ಹತ್ತು ಪುಟ್ಟ ಗೇಮ್ ಅಳಿಸಿ ಎರಡು ಮೂರು ಜಿಬಿ ಉಳಿಸುವುದರಿಂದ ಏನೂ ಬದಲಾಗದು, ಬಿಡುವಿನಲ್ಲಿ ಆಡಲು ಒಂದೂ ಉಳಿಯುವುದಿಲ್ಲ ಅಷ್ಟೇ.

ದುಡ್ಡು ಕೊಟ್ಟು ಕೊಂಡ ಗೇಮ್ ತೆಗೆದರೆ ಮತ್ತೆ ಕೊಳ್ಳಬೇಕೇ?

ಬೇಡ. ಖರೀದಿ ನಿಮ್ಮ ಖಾತೆಗೆ ಅಂಟಿಕೊಂಡಿರುತ್ತದೆ, ಡಿಸ್ಕಿಗಲ್ಲ. ಸ್ಟೀಮ್, ಎಪಿಕ್, ಪ್ಲೇಸ್ಟೇಷನ್, ಎಕ್ಸ್‌ಬಾಕ್ಸ್, ನಿಂಟೆಂಡೊ, ಗೂಗಲ್ ಪ್ಲೇ, ಆ್ಯಪಲ್ ಆ್ಯಪ್ ಸ್ಟೋರ್ ಎಲ್ಲ ಕಡೆಯೂ ಅದೇ ಖಾತೆಯಿಂದ ಲಾಗಿನ್ ಆದರೆ ಗೇಮ್ ಮತ್ತೆ ಸಿಗುತ್ತದೆ. ಅನ್‌ಇನ್‌ಸ್ಟಾಲ್ ಮಾಡುವುದು ಬೇರೆ, ಖಾತೆಯಿಂದಲೇ ಶಾಶ್ವತವಾಗಿ ತೆಗೆಯುವುದು ಬೇರೆ. ಸ್ಟೀಮ್‌ನ ಸಪೋರ್ಟ್ ಪುಟದಲ್ಲಿ ಈ ಎರಡನೆಯ ಆಯ್ಕೆಯೂ ಇದೆ, ಅದರ ಹತ್ತಿರ ಸುಳಿಯಬೇಡಿ.

ಗೇಮ್ ಪಾಸ್ ಅಥವಾ ಪ್ಲೇಸ್ಟೇಷನ್ ಪ್ಲಸ್ ಚಂದಾದಲ್ಲಿ ಬಂದ ಗೇಮ್‌ಗಳ ಲೆಕ್ಕ ಬೇರೆ. ಚಂದಾ ಚಾಲ್ತಿಯಲ್ಲಿದ್ದರೆ ಮಾತ್ರ ಅವನ್ನು ಆಡಬಹುದು, ಕ್ಯಾಟಲಾಗ್‌ನಿಂದ ಗೇಮ್ ಹೊರಬಿದ್ದರೆ ಕೊಳ್ಳದೆ ಬೇರೆ ದಾರಿಯಿಲ್ಲ.

ಗೇಮ್ ತೆಗೆದರೆ ನಾನು ಆಡಿದ್ದೆಲ್ಲ ಹೋಗುತ್ತದೆಯೇ?

ಎಲ್ಲರೂ ಕೇಳಬೇಕಾದ ಪ್ರಶ್ನೆ ಇದು. ಉತ್ತರ ಸಾಧನದಿಂದ ಸಾಧನಕ್ಕೆ, ಗೇಮ್‌ನಿಂದ ಗೇಮ್‌ಗೆ ಬದಲಾಗುತ್ತದೆ.

ಪೂರ್ತಿ ಆನ್‌ಲೈನ್‌ನಲ್ಲೇ ನಡೆಯುವ ಗೇಮ್ ಆದರೆ ನಿಮ್ಮ ಹಂತ, ಗಳಿಸಿದ ವಸ್ತುಗಳು ಎಲ್ಲ ಕಂಪನಿಯ ಸರ್ವರ್‌ನಲ್ಲಿರುತ್ತವೆ. ಖಾತೆ ಇದ್ದರೆ ಅವೂ ಇರುತ್ತವೆ. ಆದರೆ ಫೋನ್ ಗೇಮ್‌ಗಳಲ್ಲಿ ‘ಗೆಸ್ಟ್’ ಎಂದು, ಅಂದರೆ ಯಾವ ಖಾತೆಗೂ ಜೋಡಿಸದೆ, ಆಡುತ್ತಿದ್ದೀರಾ ಎಂದು ಮೊದಲು ನೋಡಿಕೊಳ್ಳಿ. ಗೆಸ್ಟ್ ಆಗಿ ಆಡಿದ್ದು ಆ ಫೋನಿಗಷ್ಟೇ ಸೀಮಿತವಾಗಿರುವುದೇ ಹೆಚ್ಚು. ಗೇಮ್ ತೆಗೆದ ಕ್ಷಣಕ್ಕೆ ವರ್ಷಗಟ್ಟಲೆ ಆಡಿದ್ದು ಅಳಿಸಿಹೋಗಬಹುದು. ತೆಗೆಯುವ ಮುಂಚೆ ಗೇಮ್‌ನ ಸೆಟ್ಟಿಂಗ್ಸ್‌ಗೆ ಹೋಗಿ ಗೂಗಲ್, ಆ್ಯಪಲ್ ಅಥವಾ ಇಮೇಲ್ ಖಾತೆಗೆ ಜೋಡಿಸಿ.

ಒಬ್ಬರೇ ಆಡುವ ಗೇಮ್‌ಗಳಲ್ಲಿ ಸೇವ್ ಫೈಲ್ ಸಾಧನದಲ್ಲೇ ಇರುತ್ತದೆ, ಕ್ಲೌಡ್ (ಇಂಟರ್ನೆಟ್ ಮೂಲಕ ಕಂಪನಿಯ ಸರ್ವರ್‌ನಲ್ಲಿ ಇಡುವ) ಸೌಲಭ್ಯವಿದ್ದರೆ ಅಲ್ಲೂ ಒಂದು ಪ್ರತಿ ಇರುತ್ತದೆ. ಸ್ಟೀಮ್ ಕ್ಲೌಡ್ ಇದೆ ಎಂದ ಮಾತ್ರಕ್ಕೆ ಸ್ಟೀಮ್‌ನ ಎಲ್ಲ ಗೇಮ್‌ಗಳೂ ಅದನ್ನು ಬಳಸುತ್ತವೆ ಎಂದಲ್ಲ. ಗೇಮ್‌ನ ಸ್ಟೋರ್ ಪುಟದಲ್ಲಿ ಕ್ಲೌಡ್ ಗುರುತು ಇದೆಯೇ ನೋಡಿ. ಲೈಬ್ರರಿಯಲ್ಲಿ ಗೇಮ್‌ನ ಪ್ರಾಪರ್ಟೀಸ್ ತೆರೆದರೆ ಸಿಂಕ್ ಆನ್ ಆಗಿದೆಯೋ ಇಲ್ಲವೋ ಅಲ್ಲೇ ತಿಳಿಯುತ್ತದೆ.

ಕ್ಲೌಡ್ ಪ್ರತಿ ಇದೆಯೆಂದು ಡಿಸ್ಕಿನಲ್ಲಿರುವ ಸೇವ್ ಫೈಲ್ ಅನ್ನು ಕೈಯಾರೆ ಅಳಿಸಲು ಹೋಗಬೇಡಿ. ಸಿಂಕ್ ಎಂದರೆ ಎರಡೂ ಕಡೆ ಒಂದೇ ಥರ ಇರುವಂತೆ ನೋಡಿಕೊಳ್ಳುವುದು. ಇಲ್ಲಿ ಅಳಿಸಿದ್ದು ಅಲ್ಲಿಯೂ ಅಳಿಸಿಹೋಗುವ ಅಪಾಯವಿದೆ. ಸೇವ್ ಫೈಲ್‌ಗಳು ಬಹುಪಾಲು ಕೆಲವೇ ಎಂಬಿ. ಅವನ್ನು ತೆಗೆದು ಗಳಿಸುವಂಥ ಜಾಗ ಏನೂ ಇಲ್ಲ, ಬಿಟ್ಟುಬಿಡಿ.

ಪಿಸಿಯಲ್ಲಿ ಸೇವ್ ಫೈಲ್ ಎಲ್ಲಿರುತ್ತದೆ? ಹುಡುಕಿದರೂ ಸಿಗುತ್ತಿಲ್ಲ.

ಒಂದೇ ಜಾಗ ಎಂದಿಲ್ಲ, ಅದೇ ತೊಂದರೆ. ವಿಂಡೋಸ್‌ನಲ್ಲಿ ಮೊದಲು ‘ಡಾಕ್ಯುಮೆಂಟ್ಸ್’ ಒಳಗಿನ ‘ಮೈ ಗೇಮ್ಸ್’ ನೋಡಿ, ನಂತರ ನಿಮ್ಮ ಯೂಸರ್ ಫೋಲ್ಡರಿನ ‘ಸೇವ್ಡ್ ಗೇಮ್ಸ್’. ಅಲ್ಲೂ ಇಲ್ಲದಿದ್ದರೆ ‘ಆ್ಯಪ್‌ಡೇಟಾ’. ಅದು ಅಡಗಿಸಿಟ್ಟ ಫೋಲ್ಡರ್, ಫೈಲ್ ಎಕ್ಸ್‌ಪ್ಲೋರರ್‌ನ ‘ವ್ಯೂ’ ಮೆನುವಿನಲ್ಲಿ ‘ಹಿಡನ್ ಐಟಮ್ಸ್’ ಆನ್ ಮಾಡಿದರೆ ಕಾಣುತ್ತದೆ. ಅದರೊಳಗೆ ‘ಲೋಕಲ್’, ‘ಲೋಕಲ್‌ಲೋ’, ‘ರೋಮಿಂಗ್’ ಎಂಬ ಮೂರು ಫೋಲ್ಡರ್‌ಗಳಿದ್ದು, ಗೇಮ್‌ನ ಅಥವಾ ಅದನ್ನು ಮಾಡಿದ ಸ್ಟುಡಿಯೋದ ಹೆಸರು ಅವುಗಳಲ್ಲೊಂದರಲ್ಲಿ ಸಿಗುತ್ತದೆ. ಮೈನ್‌ಕ್ರಾಫ್ಟ್‌ನ ಜಾವಾ ಆವೃತ್ತಿ ಕಟ್ಟಿದ ಲೋಕಗಳನ್ನೆಲ್ಲ ‘ರೋಮಿಂಗ್’ ಒಳಗಿನ ತನ್ನದೇ ಫೋಲ್ಡರಿನ ‘ಸೇವ್ಸ್’ನಲ್ಲಿ ಇಡುತ್ತದೆ. ಕೆಲವು ಹಳೆಯ ಗೇಮ್‌ಗಳಂತೂ ತಮ್ಮ ಇನ್‌ಸ್ಟಾಲ್ ಫೋಲ್ಡರಿನಲ್ಲೇ ಸೇವ್ ಮಾಡುತ್ತವೆ. ಹೆಚ್ಚು ಜೋಪಾನ ಬೇಕಾದವು ಅವೇ, ಅನ್‌ಇನ್‌ಸ್ಟಾಲ್ ಜೊತೆಗೇ ಸೇವ್ ಕೂಡ ಹೋಗಿಬಿಡಬಹುದು.

ಫೋಲ್ಡರ್ ಸಿಕ್ಕ ಮೇಲೆ ಅದನ್ನು ಹಾಗೆಯೇ ಪೆನ್ ಡ್ರೈವಿಗೆ ಕಾಪಿ ಮಾಡಿ, ಗೇಮ್‌ನ ಹೆಸರು ಮತ್ತು ತಾರೀಖು ಬರೆದಿಡಿ. ಲಿನಕ್ಸ್ ಅಥವಾ ಸ್ಟೀಮ್ ಡೆಕ್‌ನಲ್ಲಿ ವಿಂಡೋಸ್ ಗೇಮ್ ಆಡುವವರು ‘ಸ್ಟೀಮ್‌ಆ್ಯಪ್ಸ್’ ಒಳಗಿನ ‘ಕಾಂಪ್ಯಾಟ್‌ಡೇಟಾ’ದಲ್ಲಿ ಹುಡುಕಬೇಕು. ಕ್ಲೌಡ್ ಇಲ್ಲದ ಗೇಮ್‌ಗಳ ಸೇವ್ ಅಲ್ಲೇ ಇರುತ್ತದೆ. ಜಾಗಕ್ಕಾಗಿ ಆ ಫೋಲ್ಡರನ್ನು ಕಣ್ಣುಮುಚ್ಚಿ ಅಳಿಸಬೇಡಿ.

ಗೇಮ್‌ಗಳು ಇಷ್ಟೊಂದು ದೊಡ್ಡದೇಕೆ?

ಮುಖ್ಯ ಕಾರಣ ಟೆಕ್ಸ್‌ಚರ್‌ಗಳು, ಅಂದರೆ ಗೋಡೆ, ಬಟ್ಟೆ, ಚರ್ಮ, ನೆಲದ ಮೇಲೆ ಹೊದಿಸುವ ಚಿತ್ರಗಳು. ಅವು 4ಕೆ ಪರದೆಗೆ ತಕ್ಕಂತೆ ಬೆಳೆದಿವೆ. ಆಮೇಲೆ ಧ್ವನಿ: ಹಲವು ಭಾಷೆಗಳ ಸಂಭಾಷಣೆ, ಕೆಲವೊಮ್ಮೆ ಕಡಿಮೆ ಕಂಪ್ರೆಸ್ ಮಾಡಿದ ರೂಪದಲ್ಲೇ. ರೆಡ್ ಡೆಡ್ ರಿಡೆಂಪ್ಷನ್ 2, ಬಾಲ್ಡರ್ಸ್ ಗೇಟ್ 3 ಎರಡೂ ಪಿಸಿಯಲ್ಲಿ 150 ಜಿಬಿ ಕೇಳುತ್ತವೆ.

ಇನ್ನೊಂದು ಕಾರಣ ಹೊರಗಿನವರಿಗೆ ಅಷ್ಟಾಗಿ ಗೊತ್ತಿಲ್ಲದ್ದು. ಹಳೆಯ ಹಾರ್ಡ್ ಡಿಸ್ಕಿನಲ್ಲಿ ಓದುವ ಮುಳ್ಳು ಅತ್ತಿಂದಿತ್ತ ಓಡಾಡಬೇಕು. ಆ ಓಡಾಟ ತಪ್ಪಿಸಲು ಒಂದೇ ಮರ, ಒಂದೇ ಕಲ್ಲಿನ ಡೇಟಾವನ್ನು ಹಲವು ಕಡೆ ನಕಲು ಮಾಡಿಡುತ್ತಿದ್ದರು. ಓಡಾಡುವ ಭಾಗಗಳೇ ಇಲ್ಲದ ಹೊಸ ಬಗೆಯ ಡಿಸ್ಕ್ ಆದ ಎಸ್‌ಎಸ್‌ಡಿಗೆ ಇದರ ಅಗತ್ಯವಿಲ್ಲ. ಹೆಲ್‌ಡೈವರ್ಸ್ 2 ಗೇಮ್‌ನ ತಂಡ 2025ರ ಕೊನೆಗೆ ಇಂಥ ನಕಲುಗಳನ್ನು ತೆಗೆದುಹಾಕಿದಾಗ ಪಿಸಿಯಲ್ಲಿ ಸುಮಾರು 154 ಜಿಬಿ ಇದ್ದ ಗೇಮ್ ಸುಮಾರು 23 ಜಿಬಿಗೆ ಇಳಿಯಿತು. ಉಳಿದ ತಂಡಗಳೂ ಈ ಕೆಲಸಕ್ಕೆ ಕೈಹಾಕಬೇಕು. ಆಟಗಾರರ ಡಿಸ್ಕ್ ತುಂಬುವ ಹೊಣೆಯಲ್ಲಿ ಆಟಗಾರರ ಪಾಲು ಅರ್ಧವೂ ಇಲ್ಲ.

ಪಿಸಿಯಲ್ಲಿ ತೆಗೆಯುವ ಸರಿಯಾದ ವಿಧಾನ ಯಾವುದು?

ಯಾವ ಲಾಂಚರ್‌ನಿಂದ, ಅಂದರೆ ಗೇಮ್ ಇಳಿಸಿ ತೆರೆಯುವ ಸ್ಟೀಮ್‌ನಂಥ ತಂತ್ರಾಂಶದಿಂದ, ಹಾಕಿದ್ದೀರೋ ಅದರಿಂದಲೇ ತೆಗೆಯಿರಿ. ಸ್ಟೀಮ್‌ನಲ್ಲಿ ಲೈಬ್ರರಿ ತೆರೆದು ಗೇಮ್ ಹೆಸರಿನ ಮೇಲೆ ರೈಟ್ ಕ್ಲಿಕ್, ‘ಮ್ಯಾನೇಜ್’, ‘ಅನ್‌ಇನ್‌ಸ್ಟಾಲ್’. ಹಲವು ಗೇಮ್ ಒಟ್ಟಿಗೆ ತೆಗೆಯುವುದಾದರೆ ಸೆಟ್ಟಿಂಗ್ಸ್‌ನ ‘ಸ್ಟೋರೇಜ್’ ಪುಟ ಅನುಕೂಲ: ಪ್ರತಿ ಗೇಮ್‌ನ ಗಾತ್ರ ಅಲ್ಲೇ ಕಾಣುತ್ತದೆ, ಟಿಕ್ ಹಾಕಿ ಒಂದೇ ಸಲಕ್ಕೆ ತೆಗೆಯಬಹುದು. ಎಪಿಕ್‌ನಲ್ಲಿ ಗೇಮ್‌ನ ಪಕ್ಕದ ಮೂರು ಚುಕ್ಕಿ ಒತ್ತಿ. ಎಕ್ಸ್‌ಬಾಕ್ಸ್ ಆ್ಯಪ್‌ನ ಗೇಮ್‌ಗಳನ್ನೂ ಲಾಂಚರ್ ಇಲ್ಲದೆ ನೇರ ಹಾಕಿದವನ್ನೂ ವಿಂಡೋಸ್ 11ರ ಸೆಟ್ಟಿಂಗ್ಸ್, ‘ಆ್ಯಪ್ಸ್’, ‘ಇನ್‌ಸ್ಟಾಲ್ಡ್ ಆ್ಯಪ್ಸ್’ನಲ್ಲಿ ತೆಗೆಯಬಹುದು. ವಿಂಡೋಸ್ 10ರಲ್ಲಿ ಅದೇ ಜಾಗಕ್ಕೆ ‘ಆ್ಯಪ್ಸ್ ಆ್ಯಂಡ್ ಫೀಚರ್ಸ್’ ಎಂಬ ಹೆಸರಿದೆ.

ಫೋಲ್ಡರನ್ನೇ ನೇರವಾಗಿ ಡಿಲೀಟ್ ಮಾಡಿದರೆ ಆಗದೇ?

ಜಾಗವೇನೋ ಸಿಗುತ್ತದೆ. ಆದರೆ ಲಾಂಚರ್‌ಗೆ ಗೇಮ್ ಹೋದದ್ದು ಗೊತ್ತಾಗುವುದಿಲ್ಲ, ‘ಪ್ಲೇ’ ಎಂದೇ ತೋರಿಸುತ್ತಿರುತ್ತದೆ. ವಿಂಡೋಸ್‌ನ ಆ್ಯಪ್ ಪಟ್ಟಿಯಲ್ಲಿ ಹೆಸರು ಉಳಿಯುತ್ತದೆ, ಅಲ್ಲಿಂದ ತೆಗೆಯಲು ಹೋದರೆ ಎರರ್ ಬರುತ್ತದೆ. ಅನ್‌ಇನ್‌ಸ್ಟಾಲ್ ಮಾಡಿದ ಮೇಲೂ ಫೋಲ್ಡರ್ ಉಳಿದಿದ್ದರೆ ಆಗ ಕೈಯಾರೆ ಅಳಿಸಿ, ಒಳಗೆ ಸೇವ್ ಫೈಲ್ ಇಲ್ಲವೆಂದು ಖಾತ್ರಿಯಾದ ಬಳಿಕ.

ಗೇಮ್ ತೆಗೆದೆ, ಆದರೂ ಜಾಗ ಬರಲಿಲ್ಲ. ಏಕೆ?

ಮೊದಲು ರೀಸೈಕಲ್ ಬಿನ್ ನೋಡಿ. ಕೈಯಾರೆ ಅಳಿಸಿದ ಫೋಲ್ಡರ್ ಅಲ್ಲಿ ಕುಳಿತಿರುತ್ತದೆ, ಅದನ್ನು ಖಾಲಿ ಮಾಡುವವರೆಗೆ ಒಂದು ಎಂಬಿಯೂ ಬಿಡುಗಡೆಯಾಗುವುದಿಲ್ಲ. ಮ್ಯಾಕ್‌ನಲ್ಲಿ ‘ಟ್ರ್ಯಾಶ್’ಗೂ ಇದೇ ಮಾತು. ಮ್ಯಾಕ್‌ನ ಬ್ಯಾಕಪ್ ಸೌಲಭ್ಯವಾದ ಟೈಮ್ ಮಷಿನ್ ಬಳಸುವವರಿಗೆ ಟ್ರ್ಯಾಶ್ ಖಾಲಿ ಮಾಡಿದ ಮೇಲೂ ಜಾಗ ತಡವಾಗಿ ಕಾಣಬಹುದು, ಅಳಿಸಿದ ಫೈಲ್ ಲೋಕಲ್ ಸ್ನ್ಯಾಪ್‌ಶಾಟ್‌ನಲ್ಲಿ (ಡಿಸ್ಕಿನಲ್ಲೇ ಇಡುವ ತಾತ್ಕಾಲಿಕ ಪ್ರತಿಯಲ್ಲಿ) ಸ್ವಲ್ಪ ಕಾಲ ಉಳಿದಿರುತ್ತದೆ.

ಎರಡನೆಯದು ಮಾಡ್‌ಗಳು, ಅಂದರೆ ಗೇಮ್ ಅನ್ನು ಬದಲಿಸಲು ಆಟಗಾರರು ಮಾಡಿದ ಹೆಚ್ಚುವರಿ ಫೈಲ್‌ಗಳು. ಲಾಂಚರ್ ತಾನು ಇಟ್ಟ ಫೈಲ್‌ಗಳನ್ನಷ್ಟೇ ಅಳಿಸುತ್ತದೆ. ನೀವು ಸೇರಿಸಿದ ಮಾಡ್‌ಗಳು ಗೇಮ್‌ನ ಫೋಲ್ಡರಿನಲ್ಲಿ ಹಾಗೆಯೇ ಬಿದ್ದಿರುತ್ತವೆ. ಸ್ಟೀಮ್ ವರ್ಕ್‌ಶಾಪ್‌ನಿಂದ ತಂದವು ‘ಸ್ಟೀಮ್‌ಆ್ಯಪ್ಸ್’ ಒಳಗಿನ ‘ವರ್ಕ್‌ಶಾಪ್’ ಫೋಲ್ಡರಿನಲ್ಲಿರುತ್ತವೆ. ಮಾಡ್‌ಗಳ ಹುಚ್ಚಿರುವವರಲ್ಲಿ ಗೇಮ್‌ಗಿಂತ ಮಾಡ್‌ಗಳೇ ಭಾರವಾಗಿರುವುದುಂಟು.

ಮೂರನೆಯದು ರೆಕಾರ್ಡಿಂಗ್. ಎಕ್ಸ್‌ಬಾಕ್ಸ್ ಗೇಮ್ ಬಾರ್ ‘ವಿಡಿಯೋಸ್’ ಒಳಗಿನ ‘ಕ್ಯಾಪ್ಚರ್ಸ್’ನಲ್ಲಿ ಕ್ಲಿಪ್‌ಗಳನ್ನು ಇಡುತ್ತದೆ, ಗೇಮ್ ಹೋದರೂ ಅವು ಹೋಗುವುದಿಲ್ಲ.

ಇಷ್ಟಾದರೂ ಲೆಕ್ಕ ಕೂಡದಿದ್ದರೆ ವಿಜ್‌ಟ್ರೀ, ವಿನ್‌ಡರ್‌ಸ್ಟ್ಯಾಟ್ ಅಥವಾ ಟ್ರೀಸೈಜ್‌ನಂಥ ತಂತ್ರಾಂಶ ಹಾಕಿ ನೋಡಿ. ಯಾವ ಫೋಲ್ಡರ್ ಎಷ್ಟು ಜಾಗ ಹಿಡಿದಿದೆ ಎಂದು ಅವು ದೊಡ್ಡದರಿಂದ ಚಿಕ್ಕದಕ್ಕೆ ಜೋಡಿಸಿ ತೋರಿಸುತ್ತವೆ. ವಿಜ್‌ಟ್ರೀ ಡಿಸ್ಕಿನ ಫೈಲ್ ಪಟ್ಟಿಯನ್ನೇ ನೇರ ಓದುವುದರಿಂದ ಬಹಳ ವೇಗವಾಗಿದೆ, ನನ್ನ ಆಯ್ಕೆ ಅದೇ.

ಹೊಸ 1 ಟಿಬಿ ಡಿಸ್ಕ್ ವಿಂಡೋಸ್‌ನಲ್ಲಿ 931 ಜಿಬಿ ಎಂದು ಕಂಡರೆ ಗಾಬರಿ ಬೇಡ. ತಯಾರಕರು ಸಾವಿರದ ಲೆಕ್ಕದಲ್ಲಿ ಎಣಿಸುತ್ತಾರೆ, ವಿಂಡೋಸ್ 1024ರ ಲೆಕ್ಕದಲ್ಲಿ.

ಗೇಮ್ ಜೊತೆ ಬಂದ ಬೇರೆ ಪ್ರೋಗ್ರಾಂಗಳನ್ನೂ ತೆಗೆಯಬಹುದೇ?

‘ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್’ ಎಂಬ ಹೆಸರು ಪಟ್ಟಿಯಲ್ಲಿ ಹಲವು ಸಲ ಕಾಣುತ್ತದೆ. ಮುಟ್ಟಬೇಡಿ. ಹಿಡಿಯುವ ಜಾಗ ಅತ್ಯಲ್ಪ, ಬೇರೆ ತಂತ್ರಾಂಶಗಳೂ ಅವನ್ನು ನೆಚ್ಚಿಕೊಂಡಿರುತ್ತವೆ. ಮೋಸ ತಡೆಯುವ ಆ್ಯಂಟಿ ಚೀಟ್ ತಂತ್ರಾಂಶದ ಮಾತು ಬೇರೆ. ವ್ಯಾಲರಂಟ್ ತೆಗೆದವರು ರಯಟ್ ವ್ಯಾನ್‌ಗಾರ್ಡ್ ಅನ್ನು ಪ್ರತ್ಯೇಕವಾಗಿ ಅನ್‌ಇನ್‌ಸ್ಟಾಲ್ ಮಾಡಬೇಕು. ಅದು ಕಂಪ್ಯೂಟರ್ ಆನ್ ಆಗುವಾಗಲೇ ಜೊತೆಗೆ ಎದ್ದು ಕೂರುವ ತಂತ್ರಾಂಶ; ಆ ಕಂಪನಿಯ ಬೇರೆ ಗೇಮ್ ಆಡುತ್ತಿಲ್ಲವಾದರೆ ಇಟ್ಟುಕೊಳ್ಳಲು ಕಾರಣವಿಲ್ಲ.

ಆ್ಯಂಡ್ರಾಯ್ಡ್ ಫೋನಿನಲ್ಲಿ ಹೇಗೆ?

ಪ್ಲೇ ಸ್ಟೋರ್‌ನಲ್ಲಿ ನಿಮ್ಮ ಪ್ರೊಫೈಲ್ ಚಿತ್ರ ಒತ್ತಿ, ‘ಮ್ಯಾನೇಜ್ ಆ್ಯಪ್ಸ್ ಆ್ಯಂಡ್ ಡಿವೈಸ್’ಗೆ ಹೋಗಿ, ಗಾತ್ರದ ಪ್ರಕಾರ ಜೋಡಿಸಿ. ಬೇಡದವಕ್ಕೆ ಟಿಕ್ ಹಾಕಿ ಒಟ್ಟಿಗೆ ತೆಗೆಯಬಹುದು.

ತೆಗೆಯಲು ಮನಸ್ಸಿಲ್ಲದಿದ್ದರೆ ‘ಆರ್ಕೈವ್’ ಇದೆ. ಪ್ಲೇ ಸ್ಟೋರ್‌ಗೆ 2023ರಲ್ಲಿ ಬಂದ ಈ ಸೌಲಭ್ಯ ಆ್ಯಂಡ್ರಾಯ್ಡ್ 15ರಿಂದ ಫೋನಿನ ಸೆಟ್ಟಿಂಗ್ಸ್‌ನಲ್ಲೇ ಇದೆ. ಐಕಾನ್ ಮತ್ತು ನಿಮ್ಮ ಡೇಟಾ ಉಳಿಯುತ್ತವೆ, ಆ್ಯಪ್ ಮಾತ್ರ ಹೋಗುತ್ತದೆ. ಐಕಾನ್ ಒತ್ತಿದರೆ ಮತ್ತೆ ಇಳಿಯುತ್ತದೆ.

ಒಂದು ಎಚ್ಚರಿಕೆ. ಆ್ಯಪ್‌ನ ಸ್ಟೋರೇಜ್ ಪುಟದಲ್ಲಿ ‘ಕ್ಲಿಯರ್ ಕ್ಯಾಶ್’, ‘ಕ್ಲಿಯರ್ ಸ್ಟೋರೇಜ್’ ಎಂಬ ಎರಡು ಬಟನ್ ಅಕ್ಕಪಕ್ಕದಲ್ಲೇ ಇರುತ್ತವೆ. ಮೊದಲನೆಯದನ್ನು ಧೈರ್ಯವಾಗಿ ಒತ್ತಬಹುದು. ಎರಡನೆಯದು ಫೋನಿನಲ್ಲಿರುವ ಸೇವ್, ಲಾಗಿನ್ ಎಲ್ಲವನ್ನೂ ಗುಡಿಸಿಹಾಕುತ್ತದೆ. ಕೆಲವು ಫೋನ್‌ಗಳಲ್ಲಿ ಅದರ ಹೆಸರು ‘ಕ್ಲಿಯರ್ ಡೇಟಾ’.

ಐಫೋನಿನಲ್ಲಿ?

ಸೆಟ್ಟಿಂಗ್ಸ್, ‘ಜನರಲ್’, ‘ಐಫೋನ್ ಸ್ಟೋರೇಜ್’. ಗೇಮ್ ಒತ್ತಿದರೆ ‘ಆಫ್‌ಲೋಡ್ ಆ್ಯಪ್’, ‘ಡಿಲೀಟ್ ಆ್ಯಪ್’ ಎಂಬ ಎರಡು ದಾರಿ. 2017ರಲ್ಲಿ ಐಒಎಸ್ 11ರ ಜೊತೆ ಬಂದ ಆಫ್‌ಲೋಡ್‌ನಲ್ಲಿ ನಿಮ್ಮ ಡೇಟಾ ಫೋನಿನಲ್ಲೇ ಉಳಿಯುತ್ತದೆ. ಆದರೆ ಆಫ್‌ಲೋಡ್ ಮಾಡುವ ಮೊದಲು ಅಲ್ಲಿ ಕಾಣುವ ಎರಡು ಅಂಕಿಗಳನ್ನೂ ನೋಡಿ: ಆ್ಯಪ್‌ನ ಗಾತ್ರ, ಮತ್ತು ‘ಡಾಕ್ಯುಮೆಂಟ್ಸ್ ಆ್ಯಂಡ್ ಡೇಟಾ’. ಹಲವು ಗೇಮ್‌ಗಳು ತೆರೆದ ಮೇಲೆ ಇನ್ನಷ್ಟು ಫೈಲ್ ಇಳಿಸಿಕೊಂಡು ಈ ಎರಡನೆಯ ಲೆಕ್ಕಕ್ಕೆ ಸೇರಿಸುತ್ತವೆ. ಭಾರವೆಲ್ಲ ಅಲ್ಲಿದ್ದರೆ ಆಫ್‌ಲೋಡ್‌ನಿಂದ ಪ್ರಯೋಜನ ಕಡಿಮೆ, ಖಾತೆಗೆ ಜೋಡಿಸಿ ಪೂರ್ತಿ ಡಿಲೀಟ್ ಮಾಡುವುದೇ ಸರಿ.

ಪ್ಲೇಸ್ಟೇಷನ್ 5ರಲ್ಲಿ ಜಾಗ ಬೇಗ ತುಂಬುತ್ತದೆ. ಏನು ಮಾಡಲಿ?

ಮೊದಲ ಮಾದರಿಯ 825 ಜಿಬಿಯಲ್ಲಿ ಬಳಕೆಗೆ ಸಿಗುವುದೇ ಸುಮಾರು 667 ಜಿಬಿ. ಸೆಟ್ಟಿಂಗ್ಸ್, ‘ಸ್ಟೋರೇಜ್’, ‘ಕನ್ಸೋಲ್ ಸ್ಟೋರೇಜ್’, ‘ಗೇಮ್ಸ್ ಆ್ಯಂಡ್ ಆ್ಯಪ್ಸ್’ಗೆ ಹೋಗಿ ಟಿಕ್ ಹಾಕಿ ತೆಗೆಯಿರಿ. ಸೇವ್ ಡೇಟಾ ಬೇರೆ ಜಾಗದಲ್ಲಿರುವುದರಿಂದ ಗೇಮ್ ತೆಗೆದರೂ ಅದು ಹೋಗುವುದಿಲ್ಲ. ಸೇವ್ ಹೋಗುವುದು ನೀವೇ ‘ಸೇವ್ಡ್ ಡೇಟಾ’ ಪುಟಕ್ಕೆ ಹೋಗಿ ಅಳಿಸಿದರೆ ಮಾತ್ರ. ಕ್ಲೌಡ್‌ನಲ್ಲಿ ಪ್ರತಿ ಇಡಲು ಪ್ಲಸ್ ಚಂದಾ ಬೇಕು. ಪಿಎಸ್4 ಗೇಮ್‌ಗಳ ಸೇವ್ ಅನ್ನು ಯುಎಸ್‌ಬಿ ಡ್ರೈವಿಗೆ ಕಾಪಿ ಮಾಡಿಕೊಳ್ಳಬಹುದು.

ಎಕ್ಸ್‌ಬಾಕ್ಸ್‌ನಲ್ಲಿ?

ಸೇವ್ ವಿಷಯದಲ್ಲಿ ಅತ್ಯಂತ ನಿಶ್ಚಿಂತೆಯ ಕನ್ಸೋಲ್ ಇದು. ಎಕ್ಸ್‌ಬಾಕ್ಸ್ ಒನ್ ಮತ್ತು ಸೀರೀಸ್ ಕನ್ಸೋಲ್‌ಗಳ ಸೇವ್‌ಗಳು ಚಂದಾ ಇಲ್ಲದೆಯೂ ಕ್ಲೌಡ್‌ಗೆ ಹೋಗುತ್ತವೆ, ಇಂಟರ್ನೆಟ್ ಇದ್ದರೆ ಸಾಕು. ‘ಮೈ ಗೇಮ್ಸ್ ಆ್ಯಂಡ್ ಆ್ಯಪ್ಸ್’ನಲ್ಲಿ ಗೇಮ್ ಆರಿಸಿ ಮೆನು ಬಟನ್ ಒತ್ತಿ ಅನ್‌ಇನ್‌ಸ್ಟಾಲ್ ಮಾಡಿ. ಸೇವ್ ಅಳಿಸುವ ಪರದೆ ಎದುರಾದರೆ ಮಾತ್ರ ‘ಎಲ್ಲ ಕಡೆಯಿಂದ ಅಳಿಸು’ ಎಂಬರ್ಥದ ಆಯ್ಕೆಯನ್ನು ಒತ್ತಬೇಡಿ, ಅದು ಕ್ಲೌಡ್ ಪ್ರತಿಯನ್ನೂ ತೆಗೆದುಬಿಡುತ್ತದೆ.

ನಿಂಟೆಂಡೊ ಸ್ವಿಚ್‌ನಲ್ಲಿ?

ಮೊದಲ ಸ್ವಿಚ್‌ನಲ್ಲಿ 32 ಜಿಬಿ, ಒಎಲ್‌ಇಡಿ ಮಾದರಿಯಲ್ಲಿ 64 ಜಿಬಿ, ಸ್ವಿಚ್ 2ರಲ್ಲಿ 256 ಜಿಬಿ. ‘ಆರ್ಕೈವ್’ ಮಾಡಿದರೆ ಐಕಾನ್ ಉಳಿಯುತ್ತದೆ, ‘ಡಿಲೀಟ್’ ಮಾಡಿದರೆ ಅದೂ ಹೋಗುತ್ತದೆ. ಎರಡರಲ್ಲೂ ಸೇವ್ ಉಳಿಯುತ್ತದೆ. ಗೇಮ್ ಅನ್ನು ಮೈಕ್ರೋಎಸ್‌ಡಿ ಕಾರ್ಡಿನಲ್ಲಿ ಇಟ್ಟಿದ್ದರೂ ಸೇವ್ ಮಾತ್ರ ಕನ್ಸೋಲ್‌ನ ಒಳಗೇ ಇರುತ್ತದೆ ಎಂಬುದು ನೆನಪಿರಲಿ. ಕಾರ್ಡ್ ಬೇರೆ ಸ್ವಿಚ್‌ಗೆ ಹಾಕಿದರೆ ಸೇವ್ ಜೊತೆಗೆ ಬರುವುದಿಲ್ಲ.

ಪೂರ್ತಿ ತೆಗೆಯದೆ ಒಂದು ಭಾಗ ಮಾತ್ರ ತೆಗೆಯಬಹುದೇ?

ಕೆಲವು ಗೇಮ್‌ಗಳಲ್ಲಿ ಆಗುತ್ತದೆ, ಆದರೆ ಬಹಳ ಜನ ಈ ದಾರಿಯನ್ನು ಹುಡುಕುವುದೇ ಇಲ್ಲ. ಕಾಲ್ ಆಫ್ ಡ್ಯೂಟಿಯಲ್ಲಿ ಕತೆಯ ಭಾಗ ಮತ್ತು ಮಲ್ಟಿಪ್ಲೇಯರ್ ಬೇರೆ ಬೇರೆಯಾಗಿ ತೆಗೆಯಲು ಬರುತ್ತದೆ. ಸ್ಟೀಮ್‌ನಲ್ಲಿ ಪ್ರಾಪರ್ಟೀಸ್‌ನ ‘ಡಿಎಲ್‌ಸಿ’ (ಗೇಮ್‌ಗೆ ಸೇರಿಸುವ ಹೆಚ್ಚುವರಿ ಭಾಗಗಳ) ಪುಟದಲ್ಲಿ ಟಿಕ್ ತೆಗೆದರೆ ಆ ಭಾಗ ಹೋಗುತ್ತದೆ. ಎಕ್ಸ್‌ಬಾಕ್ಸ್‌ನಲ್ಲಿ ‘ಮ್ಯಾನೇಜ್ ಗೇಮ್ ಆ್ಯಂಡ್ ಆ್ಯಡ್ ಆನ್ಸ್’ ನೋಡಿ. ಅಧಿಕ ಗುಣಮಟ್ಟದ ಟೆಕ್ಸ್‌ಚರ್ ಪ್ಯಾಕ್ ಪ್ರತ್ಯೇಕವಾಗಿ ಬಂದಿದ್ದು, ನಿಮ್ಮ ಪರದೆ 4ಕೆ ಅಲ್ಲದಿದ್ದರೆ ಮೊದಲು ಅದನ್ನು ತೆಗೆಯಿರಿ. ಕಣ್ಣಿಗೆ ವ್ಯತ್ಯಾಸ ತಿಳಿಯುವುದು ಕಷ್ಟ.

ನೆಟ್ ನಿಧಾನ, ಮತ್ತೆ ಇಳಿಸಲು ದಿನಗಟ್ಟಲೆ ಬೇಕು. ಬೇರೆ ದಾರಿ?

ಅಂಥವರು ಅಳಿಸುವ ಬದಲು ಬೇರೆ ಡ್ರೈವಿಗೆ ಸಾಗಿಸುವುದು ಒಳ್ಳೆಯದು. ಡೇಟಾ ಮಿತಿ ಇರುವ ಸಂಪರ್ಕದಲ್ಲಿ 100 ಜಿಬಿ ಗೇಮ್ ತೆಗೆಯುವ ನಿರ್ಧಾರ ಹಗುರವಾದದ್ದಲ್ಲ. ಸ್ಟೀಮ್‌ನ ಸ್ಟೋರೇಜ್ ಪುಟದಲ್ಲೇ ‘ಮೂವ್’ ಇದೆ. ಪಿಎಸ್5 ಮತ್ತು ಎಕ್ಸ್‌ಬಾಕ್ಸ್ ಸೀರೀಸ್ ಗೇಮ್‌ಗಳನ್ನು ಯುಎಸ್‌ಬಿ ಡ್ರೈವಿನಲ್ಲಿ ಇಡಬಹುದು, ಅಲ್ಲಿಂದಲೇ ಆಡಲು ಬಾರದು. ಆಡುವಾಗ ಒಳಗಿನ ಎಸ್‌ಎಸ್‌ಡಿಗೆ ತಂದುಕೊಳ್ಳಬೇಕು. ಪಿಎಸ್4 ಮತ್ತು ಎಕ್ಸ್‌ಬಾಕ್ಸ್ ಒನ್ ಕಾಲದ ಗೇಮ್‌ಗಳು ಯುಎಸ್‌ಬಿ ಡ್ರೈವಿನಿಂದಲೇ ಓಡುತ್ತವೆ. ಹಾಗಾಗಿ ಹಳೆಯ ಗೇಮ್‌ಗಳನ್ನೆಲ್ಲ ಹೊರಗೆ ಕಳಿಸಿ ಒಳಗಿನ ಜಾಗ ಹೊಸದಕ್ಕೆ ಬಿಡಿ. ಪ್ಲೇಸ್ಟೇಷನ್‌ಗೆ ಡ್ರೈವ್ ಕನಿಷ್ಠ 250 ಜಿಬಿ ಇರಬೇಕು, ಎಕ್ಸ್‌ಬಾಕ್ಸ್‌ಗೆ 128 ಜಿಬಿ.

ಎಷ್ಟು ಜಾಗ ಖಾಲಿ ಬಿಡಬೇಕು?

ಒಟ್ಟು ಗಾತ್ರದ ಹತ್ತರಿಂದ ಹದಿನೈದು ಶೇಕಡ ಬಿಡಿ. ತುಂಬಿತುಳುಕುವ ಎಸ್‌ಎಸ್‌ಡಿಯಲ್ಲಿ ಬರೆಯುವ ವೇಗ ಕುಸಿಯುತ್ತದೆ. ಅಲ್ಲದೆ ದೊಡ್ಡ ಅಪ್‌ಡೇಟ್ ಬಂದಾಗ ಹಳೆಯದೂ ಹೊಸದೂ ಸ್ವಲ್ಪ ಹೊತ್ತು ಒಟ್ಟಿಗಿರಬೇಕಾಗುತ್ತದೆ. 5 ಜಿಬಿ ಅಪ್‌ಡೇಟ್‌ಗೆ ಹತ್ತಾರು ಜಿಬಿ ಕೇಳುವುದು ಅದಕ್ಕೇ.

ಮನೆಯಲ್ಲಿ ಎಲ್ಲರೂ ಬಳಸುವ ಕನ್ಸೋಲ್. ಯಾರನ್ನಾದರೂ ಕೇಳಬೇಕೇ?

ಖಂಡಿತ ಕೇಳಿ, ಮಕ್ಕಳನ್ನಂತೂ ತಪ್ಪದೇ ಕೇಳಿ. ದೊಡ್ಡವರ ಕಣ್ಣಿಗೆ 2 ಜಿಬಿಯ ಹಳೆಯ ಗೇಮ್ ಆಗಿ ಕಾಣುವುದು ಮಗು ರಜೆಯಿಡೀ ಕೂತು ಕಟ್ಟಿದ ಊರಾಗಿರಬಹುದು. ಪ್ರತಿಯೊಬ್ಬರ ಪ್ರೊಫೈಲ್‌ಗೂ ಸೇವ್ ಬೇರೆ. ನಿಮ್ಮದು ಕ್ಲೌಡ್‌ಗೆ ಹೋಗಿದೆ ಎಂದರೆ ಮಗುವಿನದೂ ಹೋಗಿದೆ ಎಂದರ್ಥವಲ್ಲ. ಮಗುವನ್ನು ಪಕ್ಕದಲ್ಲಿ ಕೂರಿಸಿಕೊಂಡು, ಯಾವುದು ಇರಬೇಕು, ಯಾವುದು ಹೋಗಬಹುದು ಎಂದು ಅದರ ಬಾಯಿಂದಲೇ ಹೇಳಿಸಿ.

ಗೇಮ್ ತೆಗೆದರೆ ತಿಂಗಳ ಚಂದಾ ನಿಲ್ಲುತ್ತದೆಯೇ?

ಇಲ್ಲ. ದುಡ್ಡು ಕಡಿತವಾಗುತ್ತಲೇ ಇರುತ್ತದೆ. ಪ್ಲೇ ಸ್ಟೋರ್‌ನ ‘ಪೇಮೆಂಟ್ಸ್ ಆ್ಯಂಡ್ ಸಬ್‌ಸ್ಕ್ರಿಪ್ಷನ್ಸ್’ನಲ್ಲಿ, ಐಫೋನಿನಲ್ಲಾದರೆ ಸೆಟ್ಟಿಂಗ್ಸ್‌ನ ಮೇಲ್ಗಡೆ ನಿಮ್ಮ ಹೆಸರು ಒತ್ತಿ ‘ಸಬ್‌ಸ್ಕ್ರಿಪ್ಷನ್ಸ್’ನಲ್ಲಿ ರದ್ದು ಮಾಡಿ. ಆಮೇಲೆ ಗೇಮ್ ತೆಗೆಯಿರಿ.

ತೆಗೆಯಲೇಬಾರದ ಗೇಮ್ ಇದೆಯೇ?

ಇದೆ: ಅಂಗಡಿಯಿಂದ ಹಿಂತೆಗೆದುಕೊಂಡದ್ದು. ಬಹುತೇಕ ಸಂದರ್ಭಗಳಲ್ಲಿ, ಮಾರಾಟ ನಿಂತರೂ ಕೊಂಡವರು ಮತ್ತೆ ಇಳಿಸಿಕೊಳ್ಳಬಹುದು. ಆದರೆ ಯಾವಾಗಲೂ ಅಲ್ಲ. 2014ರಲ್ಲಿ ಪಿಎಸ್4ಗೆ ಉಚಿತವಾಗಿ ಬಂದ ‘ಪಿ.ಟಿ.’ ಎಂಬ ಭಯಾನಕ ಡೆಮೊವನ್ನು 2015ರಲ್ಲಿ ಪ್ಲೇಸ್ಟೇಷನ್ ಸ್ಟೋರ್‌ನಿಂದ ತೆಗೆದರು, ಆಮೇಲೆ ಅಳಿಸಿದವರಿಗೆ ಅದು ಮತ್ತೆ ಸಿಗಲಿಲ್ಲ. ಇನ್ನೊಂದು ಬಗೆಯೂ ಇದೆ. ‘ದಿ ಕ್ರೂ’ ಎಂಬ ಕಾರ್ ಗೇಮ್‌ನ ಸರ್ವರ್‌ಗಳು 2024ರ ಮಾರ್ಚ್ 31ರಂದು ನಿಂತವು, ಅಲ್ಲಿಗೆ ಡಿಸ್ಕಿನಲ್ಲಿ ಇಟ್ಟುಕೊಂಡವರಿಗೂ ಆಡಲಾಗಲಿಲ್ಲ. ಸರ್ವರ್ ನಿಂತ ಇಂಥ ಗೇಮ್ ಸುಮ್ಮನೆ ಜಾಗ ಹಿಡಿದಿದ್ದರೆ ತೆಗೆಯಬಹುದು. ಮೊದಲಿನ ಬಗೆಯದಾದರೆ, ತೆಗೆಯುವ ಮುನ್ನ ಸ್ಟೋರ್‌ನಲ್ಲಿ ಅದರ ಹೆಸರು ಹುಡುಕಿ ನೋಡಿ. ಪುಟವೇ ಸಿಗದಿದ್ದರೆ ಗೇಮ್ ಇದ್ದಲ್ಲೇ ಇರಲಿ, ಜಾಗಕ್ಕೆ ಪಟ್ಟಿಯಲ್ಲಿ ಅದರ ಕೆಳಗಿನದನ್ನು ತೆಗೆಯಿರಿ.